ಒಂಬತ್ತು ಎಕರೆಯ ಬಿಲಗಳು

ಗುದ್ದಲಿ ಮೇಲೆದ್ದಾಗಲೆಲ್ಲ ಈಶ್ವರಿ ಉಸಿರು ಬಿಗಿಹಿಡಿಯುತ್ತಿದ್ದಳು. ಅದು ನೆಲಕ್ಕೆ ಬಿದ್ದು, ಬಿಲ ಬಾಯಿಬಿಟ್ಟು, ಒಳಗಿಂದ ಇಲಿಯೋ ಕಾಳೋ ಹೊರಬಿದ್ದ ಮೇಲೆಯೇ ಉಸಿರು ಬಿಡುತ್ತಿದ್ದಳು. ಬದುವಿನ ಮೇಲೆ ಕುಳಿತ ಮೈದುನ ಅಮಿತಕುಮಾರ ಇಲಿಯನ್ನು ಬಿಟ್ಟು ಅವಳನ್ನೇ ನೋಡುತ್ತಿದ್ದ.

ಅಗೆಯುತ್ತಿದ್ದವನು ರತ್ನದೀಪ. ಬೀದರಿನಿಂದ ಬಂದ ಅಧಿಕಾರಿ. ಹೊಲಗಳಲ್ಲಿ ಯಾವ ಜಾತಿಯ ಇಲಿ ಎಷ್ಟಿವೆ ಎಂದು ನೋಡುವುದೇ ಅವನ ಕೆಲಸ. ಜನವಾಡದ ಈಶ್ವರಿಯ ಒಂಬತ್ತು ಎಕರೆ ತೊಗರಿ ಹೊಲದಲ್ಲಿ ಇದು ಮೂರನೆಯ ದಿನ. ಹೊಲ ಅವನಿಗೆ ಹೊಸದೇನಲ್ಲ. ಹಿಂದೊಮ್ಮೆ ತೊಗರಿ ಹೂಬಿಟ್ಟಾಗ ಈಶ್ವರಿಯ ಗಂಡ ಶಿವಕಾಂತನೇ ಜೊತೆಗೆ ಸುತ್ತಿ ಬಿಲ ತೋರಿಸಿದ್ದ. ಈ ಸಲ ಕೂಲಿಯವರನ್ನೂ ಕರೆಯದೆ ತಾನೇ ಗುದ್ದಲಿ ಹಿಡಿದಿದ್ದ. “ಬೆಟ್ಟ ಅಗದು ಇಲಿ ಹಿಡಿಯೋದು ಕೇಳಿದ್ವಿ, ಈಗ ನೋಡಿದ್ವಿ ನೋಡ್ರಿ” ಎಂದು ಊರು ನಕ್ಕಿತು.

ಅಮಿತಕುಮಾರನಿಗೆ ನಗು ಬರಲಿಲ್ಲ. ಮೂರು ವರ್ಷದ ಹಿಂದೆ, ಹೀಗೇ ತೊಗರಿ ಹೂಬಿಟ್ಟ ಕಾಲದಲ್ಲಿ, ಅವನ ಅಣ್ಣ ಶಿವಕಾಂತ ಕಾಣೆಯಾಗಿದ್ದ. ಭಾಲ್ಕಿಯಲ್ಲಿ ರೈಲು ಹತ್ತಿದ್ದನ್ನು ಕಂಡವರಿದ್ದಾರೆ ಎಂದು ಪೊಲೀಸರು ಕೈತೊಳೆದುಕೊಂಡರು. ಊರು ಬೇರೆಯದನ್ನೇ ಆಡಿಕೊಂಡಿತು. ಹಿಂದಿನ ದಿನ ಗಂಡ ಹೆಂಡತಿ ಜಗಳವಾಡಿದ್ದರು. ಹೊಲಕ್ಕೆಂದು ಹೋದವನು ಮನೆಗೆ ಬರಲೇ ಇಲ್ಲ. ಹೊಲ ಈಗ ಅವಳ ಕೈಯಲ್ಲಿತ್ತು. ಕುಂಬಳಕಾಯಿ ಕಳ್ಳ ಎಂದರೆ ಹೆಗಲು ಮುಟ್ಟಿ ನೋಡಿಕೊಂಡರಂತೆ. ಇಲಿ ಹಿಡಿಯುವವನ ಬೆನ್ನಿಗೆ ಇವಳು ಮೂರು ದಿನದಿಂದ ಅಂಟಿಕೊಂಡಿರುವುದು ಯಾಕೆ? ಯಾವ ಗುಂಡಿ ತೆರೆದೀತು ಎಂಬ ಭಯ?

“ಸಾಹೇಬ್ರ, ಒಂದು ಬಿಲಾನೂ ಬಿಡಬ್ಯಾಡ್ರಿ,” ಎಂದ ಅಮಿತಕುಮಾರ, ಅತ್ತಿಗೆಗೆ ಕೇಳುವಂತೆ.

“ಹೌದ್ರಿ, ಬಿಡಬ್ಯಾಡ್ರಿ,” ಎಂದಳು ಈಶ್ವರಿ.

ರತ್ನದೀಪನ ಕೆಲಸಕ್ಕೆ ಹೆಸರಿಡುವಂತಿರಲಿಲ್ಲ. ಬಾಯಿ ನೋಡಿಯೇ ಬಿಲ ಯಾರದೆಂದು ಹೇಳುತ್ತಿದ್ದ. ಹೆಬ್ಬೆರಳು ಮಾತ್ರ ಹಿಡಿಸುವ ತೂತಾದರೆ ಚಿಟ್ಟಿಲಿ. ಬಾಯಿಯ ಸುತ್ತ ಸಣ್ಣ ಹರಳು ಜೋಡಿಸಿಟ್ಟಿದ್ದರೆ ಅದು ಗರಸಿನ ಇಲಿ. ಗರಸು, ಅಂದರೆ ನೇಗಿಲು ತಾಕದ ಗಟ್ಟಿ ಕೆಂಪು ನೆಲ, ಬಿಟ್ಟು ಅದು ಬರುವುದಿಲ್ಲ, ಬೆಳೆಗೂ ಹೆಚ್ಚು ಕಾಟವಿಲ್ಲ. ಕಾಳು ಹೊತ್ತೊಯ್ದು ಕೂಡಿಡುವ ಕಳ್ಳ ಹೆಗ್ಗಣ. ಅದಕ್ಕೆ ಮೆತ್ತನೆ ಮಣ್ಣೇ ಆಗಬೇಕು. ತೋಡಿದ ಕಡೆ ಬುಟ್ಟಿಗಟ್ಟಲೆ ಹೊಸ ಮಣ್ಣು ಗುಡ್ಡೆ ಬಿದ್ದಿರುತ್ತದೆ. ಇದನ್ನೆಲ್ಲ ಮೊದಲ ದಿನವೇ ಅವನು ಈಶ್ವರಿಗೆ ಬಿಡಿಸಿ ಹೇಳಿದ್ದ. ಅವಳು ಎರಡೆರಡು ಸಲ ಕೇಳಿ ತಿಳಿದುಕೊಂಡಿದ್ದಳು.

ಮಧ್ಯಾಹ್ನ ಮಜ್ಜಿಗೆ ಕೊಡುತ್ತ ಅವಳು ಕೇಳಿದಳು. “ಬಿಲದಾಗ ವಿಷದ ಗುಳಿಗಿ ಹಾಕ್ತಾರಲ್ರಿ. ಅದರ ಗಾಳಿ ಮನಷ್ಯಾಗ ಬಡದ್ರ ಹ್ಯಾಂಗ್ರಿ?”

ಅಮಿತಕುಮಾರನ ಕಿವಿ ನಿಮಿರಿತು.

“ಉಳ್ಯಾಂಗಿಲ್ರಿ,” ಎಂದು ರತ್ನದೀಪ ಲೋಟ ಕೆಳಗಿಟ್ಟ. “ಅದಕ್ಕ ಈ ಸರ್ತಿ ತಂದೇ ಇಲ್ಲ.”

ಅವಳು ಲೋಟ ಎತ್ತಿಕೊಂಡು ಎದ್ದಳು. ಅಣ್ಣನನ್ನು ಇವಳು ಹೇಗೆ ಮುಗಿಸಿದಳೆಂಬುದು ತಿಳಿಯಿತು, ಎಲ್ಲಿ ಹೂತಳೆಂಬುದಷ್ಟೇ ಉಳಿಯಿತು ಎಂದುಕೊಂಡ ಅಮಿತಕುಮಾರ.

ಹೊತ್ತು ಇಳಿಯುವಷ್ಟರಲ್ಲಿ ಹೊಲ ಮುಗಿಯುತ್ತ ಬಂತು. ಇಲಿಗಳು ಸಿಕ್ಕವು, ಮರಿಗಳು ಸಿಕ್ಕವು, ಮಣಗಟ್ಟಲೆ ಮಣ್ಣು ಎದ್ದಿತು. ಅಮಿತಕುಮಾರ ಹುಡುಕುತ್ತಿದ್ದುದು ಮಾತ್ರ ಸಿಗಲಿಲ್ಲ. ಕೊನೆಗೆ ಉಳಿದದ್ದು ಮೂಡಣ ಬದುವಿನ ಬನ್ನಿ ಮರ. ರತ್ನದೀಪ ಅಲ್ಲಿಗೆ ಹೋಗಲಿಲ್ಲ. ದೂರದಿಂದಲೇ ನೋಡಿ ನೋಟ್‌ಬುಕ್ಕಿನಲ್ಲಿ ಬರೆದುಕೊಂಡ.

“ಅಲ್ಲಿ ಬರೀ ಗರಸಿನ ಇಲಿ ಅದಾವ್ರಿ. ಬೆಳಿಗಿ ಏನೂ ಮಾಡೂದಿಲ್ಲ. ಮುಗೀತು.” ಗುದ್ದಲಿ ಒರೆಸಿ ಬೈಕಿಗೆ ಕಟ್ಟತೊಡಗಿದ.

ಈಶ್ವರಿ ಮೊದಲ ಸಲ ಅವನ ಬೆನ್ನು ಬಿಟ್ಟಳು. ಬೈಕನ್ನು ಸವರಿಕೊಂಡಂತೆ ದಾಟಿ ನೇರ ಮೈದುನನ ಹತ್ತಿರ ಬಂದಳು. ಮೂರು ವರ್ಷದಿಂದ ಇಬ್ಬರ ನಡುವೆ ಮಾತಿರಲಿಲ್ಲ.

“ತಮ್ಮಾ, ಮನಿ ಗುದ್ದಲಿ ತಗೋ. ಬನ್ನಿ ಬುಡಕ್ಕ ಹೋಗೂಣು.”

ತಪ್ಪು ಒಪ್ಪಿಕೊಳ್ಳುತ್ತಿದ್ದಾಳೆ ಎಂದೇ ಅವನು ಹೊರಟ. ಬನ್ನಿಯ ಬುಡದಲ್ಲಿ ಹರಳೆಂಬುದು ಒಂದೂ ಇರಲಿಲ್ಲ. ಬುಟ್ಟಿಗಟ್ಟಲೆ ಹೊಸ ಮಣ್ಣು ಗುಡ್ಡೆ ಬಿದ್ದಿತ್ತು. ಸುತ್ತಲೂ ಹಾರೆಗೂ ಬಗ್ಗದ ಗರಸು. ಅದೊಂದು ಆಳುದ್ದ ಜಾಗದಲ್ಲಿ ಮಾತ್ರ ಗುದ್ದಲಿ ಸಲೀಸಾಗಿ ಇಳಿಯಿತು.

“ಅಲ್ಲೇನೂ ಇಲ್ರಿ! ಯಾಕ ಸುಮ್ಮ ಅಗೀತೀರಿ?” ರತ್ನದೀಪ ಬೈಕಿನ ಹತ್ತಿರದಿಂದ ಕೂಗಿದ. ಜೇಬುಗಳನ್ನೆಲ್ಲ ತಡಕುತ್ತಿದ್ದ.

ಮೊಣಕಾಲುದ್ದ ಅಗೆಯುವುದರೊಳಗೆ ಶರ್ಟಿನ ತೋಳೊಂದು ಮೇಲೆ ಬಂತು. ಅದರೊಳಗೆ ಎಲುಬಿತ್ತು. ಮಣಿಕಟ್ಟಿನಲ್ಲಿ ಅಣ್ಣನ ತಾಮ್ರದ ಕಡಗ.

ಅಮಿತಕುಮಾರ ಬಗ್ಗಿ ಕಡಗ ಮುಟ್ಟಿದ. ಮತ್ತೆ ಎದ್ದಾಗ ಗುದ್ದಲಿ ಎರಡೂ ಕೈಯಲ್ಲಿ ಮೇಲೆ ಹೋಗಿತ್ತು. ಎದುರಿಗೆ ಈಶ್ವರಿ ಇದ್ದಳು.

“ಇಲ್ಲೇ ಅಂತ ನಿನಗ ಹ್ಯಾಂಗ ಗೊತ್ತಿತ್ತು, ವೈನಿ?”

ಅವಳು ಹಿಂದೆ ಸರಿಯಲಿಲ್ಲ. ಕಣ್ಣೀರು ಧಾರೆಯಾಗಿ ಇಳಿಯುತ್ತಿತ್ತು. ಬಿಗಿದ ಮುಷ್ಟಿ ಬಿಚ್ಚಿದಳು. ಒಳಗೆ ರತ್ನದೀಪನ ಬೈಕಿನ ಕೀಲಿ ಇತ್ತು.

“ನಿಮ್ಮಣ್ಣನ್ನ ಭಾಲ್ಕಿಯಾಗ ನೋಡೇನಿ ಅಂತ ಪೊಲೀಸರಿಗಿ ಹೇಳಿದವರು ಈ ಸಾಹೇಬ್ರೊಬ್ರೇ, ತಮ್ಮಾ. ಅದಕ್ಕ ಹೆಗ್ಗಣ ಬಿದ್ದಾವ ಅಂತ ಅರ್ಜಿ ಕೊಟ್ಟು ಇವರನ್ನೇ ಕರಿಸಿದೆ. ಒಂಬತ್ತು ಎಕರೆದಾಗ ಇವರು ಅಗೀದ ಬಿಟ್ಟದ್ದು ಇದೊಂದ ಜಾಗಾ.”