ಈ ಕಡೆಯವರ ಹೆಜ್ಜೆ

“ಎಡಗಾಲು ಪಕ್ಕಕ್ಕೆ, ಬಲಗಾಲು ಅದರ ಜೊತೆಗೆ, ಮತ್ತೆ ಎಡ. ಈಗ ಬಲಗಾಲನ್ನ ಸುಮ್ನೆ ತಾಗಿಸಿ ಅಷ್ಟೇ, ಊರಬೇಡಿ! ಜೋಡಿ ಬಿಟ್ಟು ಎಲ್ಲಿಗೆ ಓಡ್ತೀರಿ ಸ್ವಾಮಿ?” ಎಂದು ಅಜಲಿ ಕೂಗುತ್ತಿದ್ದಾಗಲೇ ಡ್ಯಾನ್ಸ್ ಹಾಲ್‌ನ ಬಾಗಿಲು ತೆರೆದುಕೊಂಡಿತು. ಒಳಗೆ ಬಂದವನು ಅವಳ ಅಪ್ಪ ತಿಯೋಫಿಲ್. ಭತ್ತದ ಗದ್ದೆಯ ನೀರಿನಲ್ಲಿ ಸಿಗಡಿ ಬಲೆ ಎತ್ತಿ ನೆಟ್ಟಗೆ ಇಲ್ಲಿಗೇ ಬಂದಿದ್ದ. ಬಿಳಿ ರಬ್ಬರ್ ಬೂಟಿನ ತುಂಬ ಕೆಸರು, ಮೈಯೆಲ್ಲ ಬಲೆಗೆ ಹಾಕುವ ಹಳಸಿದ ಮೀನಿನ ವಾಸನೆ. ಕುಣಿಯುವವರ ಕಾಲು ಸಲೀಸಾಗಿ ಜಾರಲೆಂದು ಅವಳು ನೆಲಕ್ಕೆ ಉದುರಿಸಿದ್ದ ಜೋಳದ ಹಿಟ್ಟನ್ನು ಎಡಗಾಲಿನಿಂದ ಎಳೆಯುತ್ತ, ಕುಂಟುತ್ತ ಬಂದು ಬೆಂಚಿನ ಹತ್ತಿರ ನಿಂತ. ವಾದ್ಯದವರು ಶುರುಮಾಡಿದ ಮೇಲೆ ಬಾ ಎಂದು ಅವಳು ಹೇಳಿದ್ದಳು. ಮಗಳು ಪಾಠ ಹೇಳುವುದನ್ನು ನೋಡುವ ಆಸೆ, ಮುದುಕನಿಗೆ ತಡೆಯಲಾಗಲಿಲ್ಲ.

“ಯಾರಿದು?” ಎಂದು ವಿಟ್‌ಕಂ ಮೇಡಂ ಮೂಗು ಮುಚ್ಚಿಕೊಂಡರು. “ಬೆಳಿಗ್ಗೆಬೆಳಿಗ್ಗೇನೇ ಏರಿಸ್ಕೊಂಡು ಬಂದಿದಾನಾ?”

ಉತ್ತರದ ದೊಡ್ಡ ಊರಲ್ಲಿ ಪ್ರತಿ ಬೇಸಿಗೆಗೂ ನೃತ್ಯ ಶಿಬಿರ ನಡೆಸುವ ಹೆಂಗಸು ಆಕೆ. ಇಲ್ಲಿಯ ಫ್ರೆಂಚ್ ಮೂಲದ ಹಳ್ಳಿಗರ ಕೇಜನ್ ಕುಣಿತ ಕಲಿಸುವವರು ಬೇಕೆಂದು ಹುಡುಕಿಕೊಂಡು ಅಮೆರಿಕದ ದಕ್ಷಿಣ ತುದಿಯ ಲೂಯಿಸಿಯಾನದ ಈ ಮೂಲೆಗೆ ಬಂದಿದ್ದರು, ಜೊತೆಗೆ ತಮ್ಮ ಶಿಷ್ಯರ ದಂಡನ್ನೂ ಕರೆತಂದಿದ್ದರು. ಶಾಲೆಯ ಅಡುಗೆಮನೆಯಲ್ಲಿ ತಟ್ಟೆ ತೊಳೆಯುವ ಅಜಲಿಯನ್ನು ‘ಟೀಚರ್’ ಎಂದು ಕರೆದಿದ್ದವರು ಇವರೊಬ್ಬರೇ.

“ಯಾರೋ ಗೊತ್ತಿಲ್ಲ ಮೇಡಂ,” ಎಂದಳು ಅಜಲಿ. ಅಲ್ಲಿಗೇ ನಿಲ್ಲಿಸಬಹುದಿತ್ತು. “ಗದ್ದೆ ಕಡೆಯವನಿರ್ಬೇಕು. ಇಂಥವರಿಗೆ ಒಂದು ಹೆಜ್ಜೆ ನೆಟ್ಟಗೆ ಹಾಕೋಕೂ ಬರಲ್ಲ.”

ಅಪ್ಪನಿಗೆ ಕೇಳಿಸಿತು. ಅಕಾರ್ಡಿಯನ್ ನುಡಿಸುವವನಿಗೂ ಕೇಳಿಸಿತು. ಅವನು ಏನೋ ಹೇಳಲು ಬಾಯಿ ತೆರೆದ. ಅಪ್ಪ ಕಣ್ಸನ್ನೆ ಮಾಡಿದ್ದರಿಂದ ಬಾಯಿ ಮುಚ್ಚಿಕೊಂಡು ವಾದ್ಯ ಎತ್ತಿಕೊಂಡ. ಮೊದಲ ಹಾಡು ಶುರುವಾಯಿತು. ಅಪ್ಪ ಹ್ಯಾಟು ತೆಗೆದು ನೆಟ್ಟಗೆ ಅವಳೆದುರಿಗೇ ಬಂದ.

“ಟೀಚರಮ್ಮ, ನನ್ ಜೊತೆ ಒಂದು ಹಾಡಿಗೆ ಕುಣೀತೀರಾ?”

ಅಲ್ಲಿಯ ರೂಢಿ ಹಾಗಿದೆ: ಕರೆದವರಿಗೆ ಒಲ್ಲೆ ಎಂದವಳು ಆ ಹಾಡು ಮುಗಿಯುವವರೆಗೆ ಬೇರೆ ಯಾರ ಜೊತೆಗೂ ಕುಣಿಯುವಂತಿಲ್ಲ, ಮೂಲೆ ಹಿಡಿದು ಕೂತಿರಬೇಕು. ಕಲಿಸಲು ನಿಂತವಳೇ ಕೂತರೆ ಆಯಿತೇ? ಅವಳು ಕೈ ಕೊಟ್ಟಳು. ಅಪ್ಪ ಅವಳನ್ನು ಹಾಲ್‌ನ ಸುತ್ತ ಕರೆದೊಯ್ದ.

“ಅಪ್ಪಾ...” ಎಂದಳು, ತುಟಿ ಅಲ್ಲಾಡದ ಹಾಗೆ.

“ಸುಮ್ನಿರೇ. ಆಕೆ ನೋಡ್ತಾವ್ಳೆ, ನಗು ನಗು.”

ಒಂದು ಸುತ್ತು ಮುಗಿಯುವಷ್ಟರಲ್ಲಿ ವಿಟ್‌ಕಂ ಮೇಡಂ ಚಪ್ಪಾಳೆ ತಟ್ಟಿಕೊಂಡು ಎದ್ದೇ ಬಿಟ್ಟರು. “ಅಲ್ನೋಡಿ! ಆತನ ಎಡ ಮಂಡಿ ಕುಸಿದಾಗೆಲ್ಲ ನಿಮ್ಮ ಬಲ ಮಂಡಿನೂ ಕುಸಿಯುತ್ತೆ! ಏನು ಚೆಂದ! ಇದನ್ನ ಯಾಕ್ರೀ ನಮಗೆ ಹೇಳಿಕೊಡಲಿಲ್ಲ?”

ಅಜಲಿ ತನ್ನ ಕಾಲನ್ನು ನೋಡಿಕೊಂಡಳು. ನಿಜ. ಅವಳು ಹುಟ್ಟುವ ಮೊದಲೇ ದೋಣಿಗೂ ದಡಕ್ಕೂ ನಡುವೆ ಸಿಕ್ಕಿ ನಜ್ಜಾಗಿದ್ದ ಮಂಡಿ ಅಪ್ಪನದು. ಅದೇ ಕಾಲಿನ ಬೂಟಿನ ಮೇಲೆ ಅವಳ ಪುಟ್ಟ ಬಲಪಾದ ನಿಲ್ಲಿಸಿಕೊಂಡು, ಎದೆಗೆ ಒರಗಿಸಿಕೊಂಡು, ಅವನು ಅವಳಿಗೆ ಕುಣಿತ ಕಲಿಸಿದ್ದ. ಅವನ ಕುಂಟನ್ನೇ ಅವಳು ತಾಳವೆಂದು ಕಲಿತಿದ್ದಳು, ಇಷ್ಟು ವರ್ಷ ಅದು ತನಗೇ ತಿಳಿದಿರಲಿಲ್ಲ. ನಾಚಿಕೆಯಿಂದ ಅವಳ ಕಿವಿಯವರೆಗೂ ಬಿಸಿಯೇರಿತು. ‘ಇವರು ನಮ್ಮಪ್ಪ’ ಎನ್ನಲು ಮೇಡಂ ಕಡೆ ತಿರುಗಿದವಳು ಹಾಗೇ ನೆಲದ ಹಿಟ್ಟಿನ ಕಡೆ ನೋಡಿದಳು.

ಅಪ್ಪನೇ ಬಾಯಿ ಹಾಕಿದ. “ಇದು ಈ ಕಡೆಯವ್ರ ಹೆಜ್ಜೆ ಕಣಮ್ಮ. ಇಲ್ಲಿ ಎಲ್ರೂ ಹಿಂಗೇ ಕುಣಿಯೋದು. ಟೀಚರಮ್ಮಂಗೆ ಗೊತ್ತಿಲ್ದೆ ಇರ್ತದಾ? ಕೊನೆಗೆ ಹೇಳಾನ ಅಂತ ಇಟ್ಕಂಡಿದ್ರೇನೋ.”

“ಅಜಲೀ, ನಿಮ್ಮನ್ನ ಬಿಡೋದಿಲ್ಲ ನಾನು. ಈ ಬೇಸಿಗೆಗೆ ನೀವೇ ಬರಬೇಕು!” ಎಂದರು ಮೇಡಂ. “ಬನ್ರೋ ಎಲ್ಲ, ಮಂಡಿ ಕುಸೀಲಿ! ಹೂಂ, ಹಾಗೆ!”

ಅಜಲಿ ತಲೆಯಾಡಿಸಿದಳು. ಬೇಕಾದ ಕೆಲಸ ಸಿಕ್ಕಿತ್ತು, ಯಾರ ಮುಖವನ್ನೂ ನೋಡಲಾಗಲಿಲ್ಲ. ಜೋಡಿಜೋಡಿಯಾಗಿ ಪರವೂರಿನವರು ನಗುನಗುತ್ತಾ ಕುಂಟುತ್ತಾ ಹಾಲ್ ಸುತ್ತತೊಡಗಿದರು. ಅಪ್ಪ ಹ್ಯಾಟು ಹಾಕಿಕೊಂಡು, ಗದ್ದೆಯಲ್ಲಿ ಕೆಲಸವಿದೆಯೆಂದು ಬಾಗಿಲ ಕಡೆ ಹೊರಟ. ಹಲ್ಲು ಕಚ್ಚಿ, ಆ ಮುರುಕು ಕಾಲನ್ನು ಬಿಗಿಹಿಡಿದು, ಬೆವರುತ್ತಾ ನಡೆದ. ಅಷ್ಟು ಜನರಲ್ಲಿ ಕುಂಟದೆ ನಡೆಯುತ್ತಿದ್ದವನು ಅವನೊಬ್ಬನೇ.