ತುಟಿಗೆ ಬಂದ ಮಾತು

ಪ್ಯಾರಿಸ್ ನಗರದಲ್ಲಿ ಆರ್ಮಾಂ ಎಂಬ ನಟರೊಬ್ಬರಿದ್ದರು. ಮುಖ ಯಾರಿಗೂ ಗೊತ್ತಿಲ್ಲ… ಧ್ವನಿ ಮಾತ್ರ ಇಡೀ ಫ್ರಾನ್ಸ್‌ಗೆ ಗೊತ್ತು.

ನಾಟಕದಲ್ಲಿ ಹೆಸರು ಮಾಡಬೇಕೆಂದು ಇಪ್ಪತ್ತರ ವಯಸ್ಸಿನಲ್ಲಿ ಊರು ಬಿಟ್ಟು ಬಂದವರು. ಮೊದಲ ದಿನವೇ ಒಬ್ಬ ನಿರ್ದೇಶಕ ನಕ್ಕುಬಿಟ್ಟ.

"ನಿನ್ನ ಧ್ವನಿ ಮಹಾರಾಜನದು ಕಣಯ್ಯಾ… ಮುಖ ಗುಮಾಸ್ತನದು!"

ಹಾಗಾಗಿ ಡಬ್ಬಿಂಗ್ ಕೆಲಸಕ್ಕೆ ಸೇರಿದರು. ಕತ್ತಲೆ ಕೋಣೆ, ಮುಂದೆ ಪರದೆ, ಒಂದು ಮೈಕ್. ಪರದೆಯ ಮೇಲಿನ ಹೀರೋ ತುಟಿ ತೆರೆದಾಗ ಇವರು ಮಾತಾಡಬೇಕು, ಅವನು ತುಟಿ ಮುಚ್ಚಿದಾಗ ನಿಲ್ಲಿಸಬೇಕು. ಅವನು ಅತ್ತರೆ ಅಳಬೇಕು, ಓಡಿದರೆ ನಿಂತಲ್ಲೇ ಏದುಸಿರು ಬಿಡಬೇಕು.

ನಲವತ್ತು ವರ್ಷ ಹೀಗೇ ಕಳೆಯಿತು…

ಹಾಲಿವುಡ್ ಹೀರೋಗಳು, ಕಳ್ಳರು, ಪಾದ್ರಿಗಳು, ಮಕ್ಕಳ ಕಾರ್ಟೂನಿನ ಒಂದು ದಪ್ಪ ಕರಡಿ ಕೂಡ… ಎಲ್ಲರೂ ಅವರ ಧ್ವನಿಯಲ್ಲೇ ಫ್ರೆಂಚ್ ಮಾತಾಡಿದರು. ಬೀದಿಯಲ್ಲಿ ಮಕ್ಕಳು ಆ ಕರಡಿಯ ನಗುವನ್ನು ಅಣಕಿಸುತ್ತಾ ಅವರ ಪಕ್ಕದಲ್ಲೇ ಓಡಿಹೋಗುತ್ತಿದ್ದರು. ಅವರು ಸುಮ್ಮನೆ ನೋಡುತ್ತಾ ನಿಲ್ಲುತ್ತಿದ್ದರು.

ಮದುವೆಯಾಗಲಿಲ್ಲ. ಸ್ಟುಡಿಯೋ ಬಿಟ್ಟರೆ ಮನೆ, ಮನೆ ಬಿಟ್ಟರೆ ಸ್ಟುಡಿಯೋ. ಗಂಟಲೇ ಬದುಕು ಅಲ್ಲವೇ… ಗಾಳಿ ಸೋಕದಂತೆ ವರ್ಷವಿಡೀ ಉಣ್ಣೆಯ ಮಫ್ಲರನ್ನು ಮೂಗಿನವರೆಗೂ ಸುತ್ತಿಕೊಂಡೇ ಹೊರಗೆ ಹೋಗುತ್ತಿದ್ದರು.

ಅವರ ಬಿಲ್ಡಿಂಗಿನ ಮೂರನೇ ಮಹಡಿಯಲ್ಲಿ ಮದಾಮ್ ಬ್ಲಾಂಶೆ ಎಂಬ ವಯಸ್ಸಾದ ಹೆಂಗಸು ಒಬ್ಬರೇ ಇದ್ದರು. ಬಟ್ಟೆ ಹೊಲಿದು ಬದುಕುತ್ತಿದ್ದರು. ಮೆಟ್ಟಿಲ ಮೇಲೆ ಸಿಕ್ಕಾಗಲೆಲ್ಲ ಆರ್ಮಾಂ "ಬೊಂಜೂರ್ ಮದಾಮ್" ಎಂದು ನಮಸ್ಕಾರ ಹೇಳುತ್ತಿದ್ದರು.

ಎಂಟು ವರ್ಷದಲ್ಲಿ ಆಕೆ ಒಮ್ಮೆಯೂ ಉತ್ತರ ಕೊಡಲಿಲ್ಲ.

'ಎಷ್ಟು ಜಂಬ ಈ ಹೆಂಗಸಿಗೆ' ಎಂದುಕೊಂಡು ಆರ್ಮಾಂ ಮೆಟ್ಟಿಲು ಹತ್ತುತ್ತಿದ್ದರು.

ಒಂದು ದಿನ ಡಾಕ್ಟರು ಕುರ್ಚಿ ಹತ್ತಿರಕ್ಕೆ ಎಳೆದುಕೊಂಡು ಕೂತರು. ಗಂಟಲಿನಲ್ಲಿ ಕ್ಯಾನ್ಸರ್. ಧ್ವನಿಪೆಟ್ಟಿಗೆಯನ್ನೇ ತೆಗೆಯಬೇಕು.

"ಜೀವ ಉಳಿಯುತ್ತೆ, ಮಸ್ಯೂ ಆರ್ಮಾಂ… ಧ್ವನಿ ಉಳಿಯಲ್ಲ."

ಆಪರೇಷನ್‌ಗೆ ಒಂದು ವಾರವಿತ್ತು. ಕೊನೆಯ ಮಾತನ್ನು ಯಾರ ಜೊತೆ ಆಡಬೇಕು? ಫೋನಿನಲ್ಲಿದ್ದ ಹೆಸರುಗಳನ್ನೆಲ್ಲ ನೋಡಿದರು. ಎಲ್ಲವೂ ಸ್ಟುಡಿಯೋಗಳು…

ಆಪರೇಷನ್ನಿನ ಹಿಂದಿನ ದಿನ ಮೆಟ್ಟಿಲಿಳಿಯುವಾಗ ಮದಾಮ್ ಬ್ಲಾಂಶೆ ತಮ್ಮ ಬಾಗಿಲಿನ ಬೀಗ ತೆಗೆಯುತ್ತಿದ್ದರು. ಆರ್ಮಾಂ ಆಕೆಯ ಬೆನ್ನ ಹಿಂದೆ ನಿಂತು, ಎಲ್ಲ ಸ್ವಾಭಿಮಾನ ಬಿಟ್ಟು ಹೇಳಿದರು.

"ಮದಾಮ್, ನಾಳೆಯಿಂದ ನನಗೆ ಮಾತು ಬರಲ್ಲ. ಇವತ್ತು ಐದು ನಿಮಿಷ… ನನ್ನ ಜೊತೆ ಮಾತಾಡ್ತೀರಾ?"

ಆಕೆ ತಿರುಗಲೇ ಇಲ್ಲ. ಬಾಗಿಲು ಮುಚ್ಚಿಕೊಂಡಿತು.

ಅದೇ ಅವರ ಕೊನೆಯ ಮಾತಾಯಿತು…

ಆಪರೇಷನ್ ಆಯಿತು. ಈಗ ಉಸಿರಾಟ ಕತ್ತಿನ ರಂಧ್ರದಿಂದ. ಮೂಗು, ಬಾಯಿ ಮುಚ್ಚುವ ಅಗತ್ಯವೇ ಇಲ್ಲ. ಕತ್ತಿಗೊಂದು ತೆಳು ಬಟ್ಟೆ ಸಾಕು. ಕೈಯಲ್ಲಿ ಒಂದು ಪುಟ್ಟ ಸ್ಲೇಟು.

ಬ್ರೆಡ್ ಅಂಗಡಿಯಲ್ಲಿ ಸ್ಲೇಟಿನ ಮೇಲೆ ಬರೆಯುವಷ್ಟರಲ್ಲಿ ಸಾಲಿನಲ್ಲಿ ಹಿಂದೆ ನಿಂತವರು ನಿಟ್ಟುಸಿರು ಬಿಡುತ್ತಿದ್ದರು. ಬರೆದದ್ದನ್ನು ಓದಿ ಜನ ತಲೆಯಾಡಿಸಿ ಹೋಗುತ್ತಿದ್ದರು. ಸ್ಲೇಟಿನ ಜೊತೆ ಯಾರು ಹರಟೆ ಹೊಡೆಯುತ್ತಾರೆ? ಇನ್ನು ಯಾರ ಜೊತೆಗೂ ಮಾತಿಲ್ಲ ಎಂದು ಅವರು ಒಪ್ಪಿಕೊಂಡುಬಿಟ್ಟರು.

ಒಂದು ಸಂಜೆ ಮೆಟ್ಟಿಲ ಮೇಲೆ ಅವರ ಕಾಗದದ ಚೀಲ ಹರಿದು ಈರುಳ್ಳಿ ಉರುಳಿ ಹೋಯಿತು. ಕೆಳಗಿನಿಂದ ಬರುತ್ತಿದ್ದ ಮದಾಮ್ ಬ್ಲಾಂಶೆ ಬಗ್ಗಿ ಒಂದೊಂದನ್ನೇ ಆರಿಸತೊಡಗಿದರು. ಆಕೆ ತಲೆಯೆತ್ತಿದಾಗ ಆರ್ಮಾಂರ ತುಟಿಗಳು ಹಳೆಯ ಅಭ್ಯಾಸದಿಂದ ತಾವಾಗಿಯೇ ಅಲುಗಿದವು. ಸದ್ದು ಮಾತ್ರ ಇಲ್ಲ.

'ಬಿಡಿ ಮದಾಮ್, ನಿಮಗೆ ಮೊಣಕಾಲು ನೋಯುತ್ತೆ…'

"ನನ್ನ ಮೊಣಕಾಲು ಗಟ್ಟಿಯಾಗೇ ಇದೆ, ಮಸ್ಯೂ. ನಿಮ್ಮದನ್ನ ನೋಡ್ಕೊಳ್ಳಿ!"

ಆರ್ಮಾಂ ಸ್ಲೇಟಿಗೆಂದು ಜೇಬಿಗೆ ಹಾಕಿದ ಕೈ ಅಲ್ಲೇ ನಿಂತಿತು. ಸದ್ದಿಲ್ಲದ ಮಾತು ಇವರಿಗೆ ಹೇಗೆ ಕೇಳಿಸಿತು?

"ಯಾಕೆ ಹಾಗೆ ನೋಡ್ತೀರಿ? ಹನ್ನೊಂದನೇ ವಯಸ್ಸಿಗೇ ನನ್ನ ಕಿವಿ ಹೋಯ್ತು. ತುಟಿ ನೋಡಿಯೇ ಮಾತು ತಿಳ್ಕೊಳ್ತೀನಿ." ಆಕೆ ಈರುಳ್ಳಿಗಳನ್ನು ಅವರ ಕೈಗೆ ತುಂಬಿದರು. "ಎಂಟು ವರ್ಷ ಆಯ್ತು ನೀವು ಬಂದು. ಒಂದು ದಿನ ಮಾತಾಡ್ಲಿಲ್ಲ. ನನ್ನ ಕಂಡ್ರೆ ಮೂಗು ಮುಚ್ಕೊಂಡು ಹೋಗ್ತಿದ್ರಿ. ನಾನು ಬೆಳ್ಳುಳ್ಳಿ ವಾಸನೆ ಹೊಡಿತೀನೇನೋ ಅಂದ್ಕೊಂಡಿದ್ದೆ!"

ಧ್ವನಿಯನ್ನು ಕಾಪಾಡಲು ಸುತ್ತಿಕೊಂಡಿದ್ದ ಆ ಮಫ್ಲರ್… ಅದೇ ಅವರ ಪ್ರತಿಯೊಂದು ನಮಸ್ಕಾರವನ್ನೂ ಮುಚ್ಚಿಹಾಕಿತ್ತು.

'ಪ್ರತಿ ಸಲವೂ ಬೊಂಜೂರ್ ಹೇಳಿದೆ ಮದಾಮ್… ನಿಮಗೇ ಜಂಬ ಅಂದ್ಕೊಂಡಿದ್ದೆ.'

ಆಕೆ ಗಟ್ಟಿಯಾಗಿ ನಕ್ಕರು. ಆ ನಗು ಎಷ್ಟು ಜೋರೆಂದು ಆಕೆಗೇ ಗೊತ್ತಿರಲಿಲ್ಲ. "ಇಬ್ಬರೂ ಪೆದ್ದರು! ಬನ್ನಿ, ಸೂಪ್ ಇದೆ."

ಅಡುಗೆಮನೆಯ ಪುಟ್ಟ ಮೇಜಿನ ಎದುರು ಕೂತರು.

"ಏನು ಕೆಲಸ ಮಾಡ್ತಿದ್ರಿ?"

'ವಿದೇಶಿ ಸಿನಿಮಾದ ನಟರಿಗೆ ಫ್ರೆಂಚ್ ಮಾತು ಕೊಡ್ತಿದ್ದೆ.'

ಆಕೆ ಚಮಚ ಕೆಳಗಿಟ್ಟರು. "ಓಹೋ, ಅದು ನೀವೇನಾ! ಅಂಥ ಸಿನಿಮಾ ನೋಡೋಕೆ ಹೋದಾಗಲೆಲ್ಲ ನನಗೆ ತಲೆನೋವು. ಆ ತುಟಿಗಳಲ್ಲಿ ಒಂದು ಪದವೂ ನನಗೆ ಸಿಗ್ತಿರಲಿಲ್ಲ. ಪಕ್ಕದವರೆಲ್ಲ ಅಳ್ತಿದ್ರು, ನಾನು ಮಾತ್ರ ಸುಮ್ಮನೆ ಕೂತಿರ್ತಿದ್ದೆ."

ಸ್ವಲ್ಪ ಹೊತ್ತು ಅವರ ಮುಖವನ್ನೇ ನೋಡಿ ಹೇಳಿದರು…

"ಇವತ್ತು ಎಲ್ಲಾ ಅರ್ಥ ಆಗ್ತಿದೆ. ತುಟಿಯೂ ನಿಮ್ಮದೇ, ಮಾತೂ ನಿಮ್ಮದೇ."

ನಲವತ್ತು ವರ್ಷ ಬೇರೆಯವರ ಅಳುವನ್ನು ಅತ್ತಿದ್ದ ಮನುಷ್ಯನಿಗೆ ತನ್ನದೇ ಕಣ್ಣೀರು ಉಕ್ಕಿ ಬಂತು. ನಾಚಿಕೆಯಾಗಿ ತಲೆ ತಗ್ಗಿಸಿದರು.

ಮದಾಮ್ ಬ್ಲಾಂಶೆ ಮೇಜಿನ ಮೇಲೆ ಮೆಲ್ಲಗೆ ತಟ್ಟಿದರು.

"ಮುಖ ತಗ್ಗಿಸ್ಬೇಡಿ, ಮಸ್ಯೂ… ನನಗೆ ಕೇಳಿಸಲ್ಲ."

*

ಮಾತು ಇನ್ನೊಬ್ಬರನ್ನು ತಲುಪಲು ಧ್ವನಿಯೊಂದೇ ಸಾಲದು… ಎದುರು ನಿಂತು ಮುಖ ತೋರಿಸಬೇಕು.

ನಿಮ್ಮ ನಮಸ್ಕಾರಕ್ಕೆ ಉತ್ತರ ಕೊಡಲಿಲ್ಲವೆಂದು ನೀವು ಮಾತು ಬಿಟ್ಟವರ ಎದುರಿಗೆ, ಒಮ್ಮೆಯಾದರೂ ಹೋಗಿ ನಿಂತಿದ್ದೀರಾ?