ಗೋಡೆ ಹಾರುವ ದೊಡ್ಡಜ್ಜ

ಹಳೆಯ ರೀಲುಗಳೊಳಗಿನ ಜನರಿಗೆ ಎದುರು ಕೂತವರು ಕಾಣಿಸುತ್ತಾರೆ, ಮಾತು ಮಾತ್ರ ಕೇಳಿಸದು. ಹಾಗಾಗಿ ಬೆಳಗಾವಿಯ ಒಂದು ಸಣ್ಣ ಥೇಟರಿಗೆ ಸೈನಿಕರ ರೀಲು ಹಾಕುವ ಸೋಮವಾರ ಅವರ ಮನೆಯವರು ತಲೆ ಬಾಚಿಕೊಂಡು, ಒಳ್ಳೆಯ ಬಟ್ಟೆ ಉಟ್ಟುಕೊಂಡೇ ಬರುತ್ತಿದ್ದರು.

ಎಪ್ಪತ್ತರ ದುಂಡವ್ವ ಮುಂದಿನ ಸಾಲಿನಲ್ಲಿ ಕೂತಳು. ಪರದೆಯ ಮೇಲೆ ಅವಳ ದೊಡ್ಡಜ್ಜ ಯಲ್ಲಪ್ಪನಿಗೆ ಇನ್ನೂ ಇಪ್ಪತ್ತು. ಕವಾಯತಿನಲ್ಲಿ ಗೋಡೆ ಹಾರುವಾಗ ಜಾರಿಬಿದ್ದ ಅವನ ತಮ್ಮನನ್ನು, ಅಂದರೆ ದುಂಡವ್ವನ ಅಜ್ಜನನ್ನು, ಪಲ್ಟಣದವರು ಮನೆಗೆ ಕಳಿಸಿದ್ದರು. ಹಾರಿದ ಯಲ್ಲಪ್ಪ ಹಡಗು ಹತ್ತಿ ಕಾಳಗಕ್ಕೆ ಹೋದವನು ತಿರುಗಿ ಬರಲಿಲ್ಲ. ಆ ಕವಾಯತಿನ ಈ ರೀಲಿನಲ್ಲಿ ಒಮ್ಮೆ ಬಿದ್ದರೆ ಅವನೂ ಉಳಿದಾನೆಂಬ ಆಸೆಯಿಂದ ಮನೆಯ ಹೆಂಗಸರು ‘ಬೀಳೋ ಯಪ್ಪಾ’ ಎಂದು ಕೈಸನ್ನೆ ಮಾಡುತ್ತಲೇ ಬಂದಿದ್ದರು. ತನ್ನವರನ್ನು ಕಂಡ ಹುರುಪಿಗೆ ಅವನು ಇನ್ನಷ್ಟು ಎತ್ತರ ಹಾರುತ್ತಿದ್ದ.

ಇವತ್ತು ಗೋಡೆ ಬರುವ ಹೊತ್ತಿಗೆ ದುಂಡವ್ವ ಪರದೆಗೆ ಬೆನ್ನು ಮಾಡಿ, ಮುಖದ ಮೇಲೆ ಸೆರಗು ಎಳೆದುಕೊಂಡಳು.

“ಯಾಕ ಯವ್ವಾ?” ಎಂದ, ರೀಲು ಓಡಿಸುವ ಯಂತ್ರದ ಬಳಿಯಿದ್ದ ಇಮಾಮಸಾಬ.

“ಮನ್ಯಾಗಿನವ್ರು ಕಾಣಲಿಲ್ಲಂದ್ರ ಬಿದ್ದಾನು. ಏನಾತು ಹೇಳು.”

ಇಮಾಮಸಾಬ ಪರದೆಯತ್ತ ಕಣ್ಣು ನೆಟ್ಟ. “ಗೋಡಿ ಮುಂದ ನಿಂತು ನಿಮ್ಮನ್ನ ಹುಡುಕ್ಯಾಡಿದಾ. ಹಿಂದಿನವ್ರು ನೂಕಿದ್ರು. ಆಮ್ಯಾಲ ಮಾರಿ ಸಣ್ಣದ ಮಾಡ್ಕೊಂಡು ಹಾರಿದಾ.”

“ಬೀಳಲಿಲ್ಲಾ?”

“ಇಲ್ಲ ಯವ್ವಾ.”

ದುಂಡವ್ವ ಸೆರಗಿನಿಂದ ಕಣ್ಣೊರೆಸಿಕೊಂಡು ಪರದೆಯತ್ತ ತಿರುಗಿದಳು. “ಇನ್ನೊಮ್ಮೆ ಹಾಕು.”

ಯಲ್ಲಪ್ಪ ಓಡಿಬಂದ. ಅವಳನ್ನು ಕಂಡದ್ದೇ ಅವನ ಮುಖ ಅರಳಿತು. ಈ ಸಲ ಅವಳು ಬೀಳೆಂದು ಸನ್ನೆ ಮಾಡಲಿಲ್ಲ. ಅವನು ಗೋಡೆಯ ಮೇಲಿದ್ದಾಗ ಎದ್ದು ನಿಂತು ಚಪ್ಪಾಳೆ ತಟ್ಟಿದಳು.